ಭೀಷ್ಮನ ಪಾತ್ರ ಮಾಡಿದ ಆಫ್ರಿಕಾದ ಕಥೆಗಾರ: ಪಶ್ಚಿಮ ಆಫ್ರಿಕಾದಲ್ಲಿ ಸಿನಿಮಾ ನಟನ ಬದುಕು ನಡೆಯುವುದು ಹೇಗೆ?

ಕನ್ನಡದ ಟ್ರೋಲ್ ಪುಟಗಳನ್ನು ನೋಡುವ ಅಭ್ಯಾಸ ಇದ್ದರೆ, ಪಶ್ಚಿಮ ಆಫ್ರಿಕಾದ ಒಬ್ಬ ನಟನನ್ನು ನೀವು ಆಗಲೇ ಎಷ್ಟೋ ಸಲ ನೋಡಿರುತ್ತೀರಿ. ಪುಟ್ಟ ಹುಡುಗನ ಹಾಗೆ ಕಾಣುವ, ಏನೋ ಕಿತಾಪತಿ ಯೋಚಿಸುತ್ತಿರುವ ಮುಖ. ವಾಟ್ಸಾಪ್ ಸ್ಟಿಕ್ಕರ್ ಆಗಿಯೂ ಓಡಾಡುತ್ತಿದೆ. ಅವರ ಹೆಸರು ಒಸಿಟಾ ಇಹೆಮೆ. ಹುಡುಗ ಅಲ್ಲ, 1982ರಲ್ಲಿ ಹುಟ್ಟಿದವರು. ನೈಜೀರಿಯಾದಲ್ಲಿ ದೊಡ್ಡ ಸ್ಟಾರ್.

ಅದೇ ಪಶ್ಚಿಮ ಆಫ್ರಿಕಾದ ಇನ್ನೊಬ್ಬ ನಟ ನಮ್ಮ ಭೀಷ್ಮನ ಪಾತ್ರ ಮಾಡಿದ್ದರು. ಇಂಗ್ಲೆಂಡಿನ ರಂಗನಿರ್ದೇಶಕ ಪೀಟರ್ ಬ್ರೂಕ್ ನಿರ್ದೇಶಿಸಿದ ಮಹಾಭಾರತದಲ್ಲಿ. ಅವರು ಸೊಟಿಗಿ ಕುಯಾಟೆ. ನಮ್ಮಲ್ಲಿ ಈ ಹೆಸರು ಕೇಳಿದವರು ಬಹಳ ಕಡಿಮೆ. ನನಗೆ ತುಂಬಾ ಇಷ್ಟದ ನಟ. ಅವರ ಬದುಕನ್ನು ಹಿಡಿದು ಹೊರಟರೆ ಅಲ್ಲಿನ ಸಿನಿಮಾ ಹೇಗೆ ನಡೆಯುತ್ತದೆ, ದುಡ್ಡು ಎಲ್ಲಿಂದ ಬರುತ್ತದೆ, ನಟ ಅನ್ನುವವನು ಅಲ್ಲಿ ಹೊಟ್ಟೆ ಹೊರೆಯುವುದು ಹೇಗೆ ಅನ್ನುವುದೆಲ್ಲ ಸುಮಾರಾಗಿ ಅರ್ಥವಾಗುತ್ತದೆ. ಅದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಒಂದು ವಿಷಯ. ಪಶ್ಚಿಮ ಆಫ್ರಿಕಾದ ಸಿನಿಮಾ ಅಂದರೆ ಒಂದೇ ಸಿನಿಮಾ ಅಲ್ಲ. ಬ್ರಿಟಿಷರು ಆಳಿದ ನೈಜೀರಿಯಾ, ಘಾನಾದಂಥ ದೇಶಗಳು ಒಂದು ಕಡೆ. ಫ್ರೆಂಚರು ಆಳಿದ ಸೆನೆಗಲ್, ಮಾಲಿ, ಬುರ್ಕಿನಾ ಫಾಸೊ, ನೈಜರ್, ಐವರಿ ಕೋಸ್ಟ್, ಗಿನಿ ಇನ್ನೊಂದು ಕಡೆ. ಎರಡೂ ಕಡೆ ಸಿನಿಮಾ ಬೆಳೆದ ರೀತಿಯೇ ಬೇರೆ. ಹಾಗಾಗಿ ನಟರ ಬದುಕೂ ಬೇರೆ. ನೈಜೀರಿಯಾದ ಕಥೆಗೆ ಆಮೇಲೆ ಬರುತ್ತೇನೆ. ಕುಯಾಟೆ ಇದ್ದದ್ದು ಫ್ರೆಂಚ್ ಕಡೆಯಲ್ಲಿ, ಮತ್ತು ಆ ಕಡೆಯ ಕಥೆಯೇ ಜಾಸ್ತಿ ಗೋಜಲು.

ಫ್ರೆಂಚ್ ಆಳ್ವಿಕೆಯ ಕಾಲದಲ್ಲಿ ಆಫ್ರಿಕನ್ನರು ತಮ್ಮ ಊರಲ್ಲೇ ಕ್ಯಾಮೆರಾ ಹಿಡಿಯುವುದು ಸುಲಭ ಇರಲಿಲ್ಲ. 1934ರಲ್ಲಿ ಲವಾಲ್ ಆದೇಶ ಅಂತ ಒಂದು ಬಂತು. ವಸಾಹತಿನಲ್ಲಿ ಸಿನಿಮಾ ತೆಗೆಯಬೇಕಾದರೆ ಸರ್ಕಾರದ ಅನುಮತಿ ಬೇಕು, ಕಥೆ ತೋರಿಸಬೇಕು, ಯಾರು ಯಾರು ಕೆಲಸ ಮಾಡುತ್ತಾರೆ ಅಂತ ಹೇಳಬೇಕು. ಅನುಮತಿ ಕೊಡದೆ ತಳ್ಳಿಹಾಕುವುದು ಅಧಿಕಾರಿಗಳ ಕೈಯಲ್ಲೇ ಇತ್ತು. 1960ರ ಸುಮಾರಿಗೆ ಈ ದೇಶಗಳು ಸ್ವತಂತ್ರವಾದವು. ಸೆನೆಗಲ್‌ನ ಉಸ್ಮಾನ್ ಸೆಂಬೆನ್ 1963ರಲ್ಲಿ 'ಬೊರೊಮ್ ಸಾರೆ' ಅನ್ನುವ ಕಿರುಚಿತ್ರ ತೆಗೆದರು. ಡಕಾರ್ ನಗರದ ಒಬ್ಬ ಬಡ ಗಾಡಿಯವನ ಒಂದು ದಿನದ ಕಥೆ, ಇಪ್ಪತ್ತು ನಿಮಿಷ ಅಷ್ಟೇ. ಅಲ್ಲಿಂದಾಚೆ ಪಶ್ಚಿಮ ಆಫ್ರಿಕಾದವರು ತಮ್ಮ ಮಣ್ಣಿನಲ್ಲಿ ತಮ್ಮ ಕಥೆ ತೆಗೆಯಲು ಶುರು ಮಾಡಿದರು.

ಆದರೆ ದುಡ್ಡು? ಅದು ಪ್ಯಾರಿಸ್‌ನಿಂದಲೇ ಬರಬೇಕಿತ್ತು. ಹಳೆಯ ವಸಾಹತುಗಳಿಗೆ ನೆರವು ಕೊಡುವ ಫ್ರಾನ್ಸಿನ ಸಚಿವಾಲಯ 1963ರಿಂದ ಸಿನಿಮಾಕ್ಕೂ ಹಣ ಕೊಡತೊಡಗಿತು. ಫಿಲಂ ರೀಲು ಹೊರಗಿಂದ ಬರಬೇಕು, ಶೂಟ್ ಆದ ಮೇಲೆ ತೊಳೆಯುವುದಕ್ಕೆ ಪ್ಯಾರಿಸ್ ಲ್ಯಾಬಿಗೆ ಕಳಿಸಬೇಕು, ಎಡಿಟಿಂಗ್ ಕೂಡ ಎಷ್ಟೋ ಸಲ ಅಲ್ಲೇ. ಊರಿನ ಥಿಯೇಟರುಗಳು ಕೊಮಾಸಿಕೊ, ಸೆಕ್ಮಾ ಅನ್ನುವ ಎರಡು ಕಂಪನಿಗಳ ಹಿಡಿತದಲ್ಲಿ. ಅವರು ಹಾಕುತ್ತಿದ್ದದ್ದು ಅಮೆರಿಕದ, ಫ್ರಾನ್ಸಿನ, ಈಜಿಪ್ಟಿನ ಸಿನಿಮಾ, ಜೊತೆಗೆ ನಮ್ಮ ಹಿಂದಿ ಸಿನಿಮಾ. ಊರಿನವರೇ ತೆಗೆದ ಚಿತ್ರಕ್ಕೆ ಊರಲ್ಲೇ ಪರದೆ ಇಲ್ಲ! ಇದರಿಂದ ಬೇಸತ್ತು ಅಪ್ಪರ್ ವೋಲ್ಟಾ 1970ರಲ್ಲಿ ಥಿಯೇಟರುಗಳನ್ನೆಲ್ಲ ಸರ್ಕಾರದ ಕೈಗೆ ತೆಗೆದುಕೊಂಡಿತು. ಅಪ್ಪರ್ ವೋಲ್ಟಾ ಅಂದರೆ ಈಗಿನ ಬುರ್ಕಿನಾ ಫಾಸೊ. ಅದರ ರಾಜಧಾನಿ ವಾಗಡುಗುವಿನಲ್ಲಿ 1969ರಲ್ಲೇ ಶುರುವಾದ ಚಿತ್ರೋತ್ಸವ ಫೆಸ್ಪಾಕೊ ಇವತ್ತಿಗೂ ಆಫ್ರಿಕಾದ ಸಿನಿಮಾದವರಿಗೆಲ್ಲ ದೊಡ್ಡ ಜಾತ್ರೆ. ಬಡ ದೇಶ, ಸಮುದ್ರ ಕೂಡ ಇಲ್ಲದ ದೇಶ, ಸಿನಿಮಾವನ್ನು ಇಷ್ಟು ಗಂಭೀರವಾಗಿ ತೆಗೆದುಕೊಂಡಿದ್ದು ನೋಡಿದರೆ ನನಗೆ ನಿಜಕ್ಕೂ ಗೌರವ ಬರುತ್ತದೆ.

ಈಗ ಇದನ್ನು ನಟನ ಕಡೆಯಿಂದ ನೋಡಿ. ನಿರ್ದೇಶಕ ಒಂದು ಕಥೆ ಬರೆದು ಹಣಕ್ಕಾಗಿ ವರ್ಷಗಟ್ಟಲೆ ಕಾಯುತ್ತಾನೆ. ಹಣ ಬಂದಾಗ ಕೆಲವು ವಾರ ಶೂಟಿಂಗ್. ನಟನಿಗೆ ಒಂದು ಸಲ ಸಂಭಾವನೆ. ಮುಗಿಯಿತು. ಮುಂದಿನ ಸಿನಿಮಾ ಯಾವಾಗ? ಯಾರಿಗೂ ಗೊತ್ತಿಲ್ಲ. ಒಂದು ದೇಶದಲ್ಲಿ ವರ್ಷಕ್ಕೆ ಒಂದೋ ಎರಡೋ ಚಿತ್ರ, ಕೆಲವು ವರ್ಷ ಅದೂ ಇಲ್ಲ. ಇಂಥ ಕಡೆ ಸಿನಿಮಾ ನಟನೆಯನ್ನೇ ನಂಬಿಕೊಂಡು ಬದುಕಲು ಆಗುತ್ತಾ? ಆಗುವುದಿಲ್ಲ. ಅದಕ್ಕೇ ಎಷ್ಟೋ ನಿರ್ದೇಶಕರು ನಟರಲ್ಲದವರನ್ನೇ ಹಾಕಿಕೊಂಡರು. ಸೆಂಬೆನ್ ಅವರ 1966ರ ಚಿತ್ರ 'ಲಾ ನುವಾರ್ ದ...' ಜಗತ್ತೆಲ್ಲ ಹೆಸರು ಮಾಡಿತು. ಅದರ ನಾಯಕಿ ಎಂಬಿಸ್ಸಿನ್ ತೆರೇಸ್ ದಿಯೋಪ್ ಬಟ್ಟೆ ಹೊಲಿಯುವ ಕೆಲಸದವರು. ಜಿಬ್ರಿಲ್ ದಿಯೋಪ್ ಮಾಂಬೆಟಿ ತೆಗೆದ 1973ರ 'ಟುಕಿ ಬುಕಿ' ಇನ್ನೊಂದು ಉದಾಹರಣೆ. ದನದ ಕೊಂಬು ಕಟ್ಟಿದ ಮೋಟರ್‌ಸೈಕಲ್ಲಿನಲ್ಲಿ ಡಕಾರ್ ಸುತ್ತುತ್ತಾ, ಹೇಗಾದರೂ ಪ್ಯಾರಿಸ್ ಸೇರಬೇಕು ಅಂತ ಕನಸು ಕಾಣುವ ಜೋಡಿಯ ಕಥೆ ಅದು. ನಾಯಕ ಮಗಾಯ್ ನಿಯಾಂಗ್. ನಲವತ್ತು ವರ್ಷ ಆದ ಮೇಲೆ, 2013ರಲ್ಲಿ, ಮಾಂಬೆಟಿ ಅವರ ತಮ್ಮನ ಮಗಳು ಮಾತಿ ದಿಯೋಪ್ ಅದೇ ನಟನನ್ನು ಹುಡುಕಿಕೊಂಡು ಹೋಗಿ 'ಮಿಲ್ ಸೊಲೇ' ಅಂತ ಚಿತ್ರ ಮಾಡಿದರು. ಅದರಲ್ಲಿ ನಿಯಾಂಗ್ ಡಕಾರ್‌ನಲ್ಲೇ ದನ ಕಾಯುತ್ತಿದ್ದಾರೆ. ಪಾತ್ರದ ಹಾಗೆಯೇ ಅವರೂ ಹಡಗು ಹತ್ತಲಿಲ್ಲ. ಜಗತ್ತಿನ ಒಳ್ಳೆಯ ಚಿತ್ರಗಳ ಪಟ್ಟಿಯಲ್ಲಿ ಸೇರಿದ ಸಿನಿಮಾದ ನಾಯಕ!

ಇನ್ನೊಂದು ದಾರಿ, ನಟನೇ ನಿರ್ದೇಶಕ ಆಗಿಬಿಡುವುದು. ನೈಜರ್ ದೇಶದ ಉಮರು ಗಾಂಡಾ ಫ್ರೆಂಚ್ ಸೈನ್ಯದಲ್ಲಿ ಇಂಡೋಚೈನಾ ಯುದ್ಧ ಮಾಡಿ ಬಂದವರು. ಆಮೇಲೆ ಅಬಿಜಾನ್ ಬಂದರಿನಲ್ಲಿ ಕೂಲಿ. ಜಾನ್ ರೂಷ್ ಅನ್ನುವ ಫ್ರೆಂಚ್ ನಿರ್ದೇಶಕ 1958ರಲ್ಲಿ ಇವರನ್ನು ಇಟ್ಟುಕೊಂಡು ಚಿತ್ರ ಮಾಡಿದರು. ಗಾಂಡಾ ಅಲ್ಲಿಗೇ ನಿಲ್ಲಲಿಲ್ಲ. ತಮ್ಮದೇ ಯುದ್ಧದ ಅನುಭವದ ಮೇಲೆ ತಾವೇ ಸಿನಿಮಾ ತೆಗೆದರು. ಫೆಸ್ಪಾಕೊದಲ್ಲಿ ಮೊದಲ ಚಿತ್ರಕ್ಕೆ ಕೊಡುವ ಪ್ರಶಸ್ತಿ ಇವತ್ತು ಅವರ ಹೆಸರಿನಲ್ಲೇ ಇದೆ.

ಸೊಟಿಗಿ ಕುಯಾಟೆ ಹಿಡಿದದ್ದು ಮೂರನೇ ದಾರಿ. ಅದು ಶುರುವಾಗುವುದು ಸಿನಿಮಾಕ್ಕಿಂತ ಏಳುನೂರು ವರ್ಷ ಹಿಂದೆ.

ಕುಯಾಟೆ ಅನ್ನುವುದು ಮನೆತನದ ಹೆಸರು. ಮಾಲಿ, ಗಿನಿ, ಬುರ್ಕಿನಾ ಭಾಗದ ಮಾಂಡೆ ಜನರಲ್ಲಿ 'ಜೆಲಿ' ಅಂತ ಒಂದು ಸಮುದಾಯ ಇದೆ. ಫ್ರೆಂಚರು ಇವರನ್ನು ಗ್ರಿಯೋ ಅಂದರು, ಹೊರಗಿನವರಿಗೆ ಆ ಹೆಸರೇ ಪರಿಚಯ. ಜೆಲಿ ಆಗುವುದು ಹುಟ್ಟಿನಿಂದ, ಕಲಿತು ಸೇರಿಕೊಳ್ಳುವುದಕ್ಕೆ ಬರುವುದಿಲ್ಲ. ಮದುವೆಯೂ ತಮ್ಮೊಳಗೇ ಜಾಸ್ತಿ. ದೊಡ್ಡ ಮನೆತನಗಳ ವಂಶಾವಳಿ ನೆನಪಿಟ್ಟುಕೊಳ್ಳುವುದು, ಹಾಡುವುದು, ಕೋರ, ಬಲಾಫೋನ್ ನುಡಿಸುವುದು, ಮದುವೆ ಮಾತುಕತೆ ಕುದುರಿಸುವುದು, ಜಗಳ ಬಿಡಿಸುವುದು ಇವರ ಕೆಲಸ. ನಮ್ಮ ಹೆಳವರನ್ನು ನೆನಪಿಸಿಕೊಳ್ಳಿ. ಊರೂರಿಗೆ ಬಂದು, ಮನೆ ಮುಂದೆ ನಿಂತು, ನಿಮ್ಮ ಮುತ್ತಜ್ಜನ ಮುತ್ತಜ್ಜನಿಂದ ಹಿಡಿದು ಹೆಸರು ಹೇಳಿ, ಕಾಳು ಬಟ್ಟೆ ಪಡೆದು ಹೋಗುತ್ತಾರಲ್ವಾ, ಹಾಗೆ. ಆದರೆ ಒಂದು ವ್ಯತ್ಯಾಸ ಇದೆ. ಜೆಲಿಗಳು ರಾಜನ ಪಕ್ಕದಲ್ಲೇ ನಿಲ್ಲುತ್ತಿದ್ದರು. ರಾಜ ಮೆಲ್ಲಗೆ ಹೇಳಿದ್ದನ್ನು ಸಭೆಗೆ ಗಟ್ಟಿಯಾಗಿ ಹೇಳುವವನು ಜೆಲಿ. ರಾಜ ತಪ್ಪಿದಾಗ ಮುಖಕ್ಕೆ ಹೇಳುವ ಹಕ್ಕೂ ಅವನಿಗಿತ್ತು.

13ನೇ ಶತಮಾನದಲ್ಲಿ ಮಾಲಿ ಸಾಮ್ರಾಜ್ಯ ಕಟ್ಟಿದವನು ಸುಂಜಾಟಾ ಕೇಟಾ. ಅವನ ಜೆಲಿ ಬಲ್ಲಾ ಫಸ್ಸೆಕೆ ಕುಯಾಟೆ. ಅವತ್ತಿನಿಂದ ಕುಯಾಟೆಗಳು ಕೇಟಾ ಮನೆತನದ ನೆನಪನ್ನು ಹೊತ್ತುಕೊಂಡು ಬಂದಿದ್ದಾರೆ ಅನ್ನುವುದು ಅಲ್ಲಿನ ಪರಂಪರೆ. ಆ ಕಾಲದ್ದು ಅಂತ ನಂಬುವ ಬಲಾಫೋನ್ ಒಂದು ಗಿನಿಯ ನಿಯಗಸ್ಸೊಲಾ ಅನ್ನುವ ಹಳ್ಳಿಯಲ್ಲಿ ಇವತ್ತಿಗೂ ಕುಯಾಟೆ ಕುಟುಂಬವೇ ಕಾಪಾಡಿಕೊಂಡಿದೆ. ಯುನೆಸ್ಕೊ 2001ರಲ್ಲಿ ಅದರ ಪರಂಪರೆಯನ್ನು ಮನುಕುಲದ ಮೌಖಿಕ ಮತ್ತು ಅಮೂರ್ತ ಪರಂಪರೆಯ ಮೇರುಕೃತಿ ಅಂತ ಘೋಷಿಸಿತು.

ಇಂಥ ಮನೆಯಲ್ಲಿ ಸೊಟಿಗಿ ಹುಟ್ಟಿದ್ದು 1936ರಲ್ಲಿ, ಬಮಾಕೊದಲ್ಲಿ. ಮೂಲ ಗಿನಿ, ಹುಟ್ಟಿದ್ದು ಮಾಲಿ, ಬೆಳೆದು ತನ್ನದು ಅಂದುಕೊಂಡ ದೇಶ ಬುರ್ಕಿನಾ. ಗಡಿಗಳೆಲ್ಲ ಆಮೇಲೆ ಬಂದವು, ಜೆಲಿಗಳ ಓಡಾಟ ಅದಕ್ಕಿಂತ ಹಳೆಯದು. ಯೌವನದಲ್ಲಿ ಅವರು ಫುಟ್‌ಬಾಲ್ ಆಟಗಾರ. ಸುಮ್ನೆ ಊರಾಟ ಅಲ್ಲ, ಅಪ್ಪರ್ ವೋಲ್ಟಾದ ರಾಷ್ಟ್ರೀಯ ತಂಡದಲ್ಲಿ ಆಡಿದವರು. 1966ರಲ್ಲಿ ಗೆಳೆಯ ಬುಬಕರ್ ಡಿಕೊ ಜೊತೆ ಒಂದು ಐತಿಹಾಸಿಕ ನಾಟಕದಲ್ಲಿ ಪಾತ್ರ ಮಾಡಿದರು. ಅದೇ ವರ್ಷ 25 ಜನರನ್ನು ಸೇರಿಸಿಕೊಂಡು ತಮ್ಮದೇ ತಂಡ ಕಟ್ಟಿದರು. ನಾಟಕವನ್ನೂ ಬರೆದರು. ಆಗ ಅವರಿಗೆ ಮೂವತ್ತು ವರ್ಷ. ಸಿನಿಮಾಕ್ಕೆ ಬಂದದ್ದು ಇನ್ನೂ ತಡವಾಗಿ, 1972ರ ಸುಮಾರಿಗೆ, ನೈಜರ್‌ನ ಮುಸ್ತಫಾ ಅಲಸಾನೆ ತೆಗೆದ ಒಂದು ಚಿತ್ರದಲ್ಲಿ. ಹೆಣ್ಣು, ಕಾರು, ಬಂಗಲೆ, ದುಡ್ಡು ಇಷ್ಟರ ಹಿಂದೆ ಓಡುವ ಹೊಸ ಕಾಲದ ನೌಕರರ ಮೇಲಿನ ವಿಡಂಬನೆ ಅದು.

ಮೂವತ್ತಾರಕ್ಕೆ ಮೊದಲ ಸಿನಿಮಾ. ನಂತರ ಹತ್ತು ವರ್ಷದಲ್ಲಿ ಬೆರಳೆಣಿಕೆಯಷ್ಟು ಚಿತ್ರಗಳು. ನಮ್ಮಲ್ಲಾದರೆ ಇದನ್ನು ಸಿನಿಮಾ ವೃತ್ತಿ ಅಂತಲೇ ಕರೆಯುವುದಿಲ್ಲ. ಆದರೆ ನಾನು ಗಮನಿಸಿದ್ದು ಏನೆಂದರೆ, ಸಿನಿಮಾ ಇಲ್ಲದ ವರ್ಷಗಳಲ್ಲಿ ಅವರೇನೂ ಖಾಲಿ ಕೂತಿರಲಿಲ್ಲ. ನಾಟಕ ಇತ್ತು. ಜೆಲಿ ಕೆಲಸ ಇದ್ದೇ ಇತ್ತು. ಮಾತು, ನೆನಪು, ಮೌನ ಎಲ್ಲಿ ಬೇಕು, ಎದುರಿಗೆ ಕೂತವರ ಗಮನ ಹೇಗೆ ಹಿಡಿಯಬೇಕು ಅನ್ನುವುದನ್ನು ಅವರು ಕಲಿತದ್ದು ಕ್ಯಾಮೆರಾ ಮುಂದೆ ಅಲ್ಲವೇ ಅಲ್ಲ. ಸಿನಿಮಾ ಬಂದಾಗ ಅದನ್ನೆಲ್ಲ ತಂದು ಅಲ್ಲಿ ಇಟ್ಟರು.

1980ರ ದಶಕದ ಶುರುವಿನಲ್ಲಿ, ಗುಲಾಮರ ವ್ಯಾಪಾರದ ಬಗ್ಗೆ ಬುರ್ಕಿನಾದಲ್ಲಿ ತೆಗೆದ ಒಂದು ಚಿತ್ರದಲ್ಲಿ ಅವರು ನಟಿಸಿದ್ದರು. ಅದು ಪ್ಯಾರಿಸ್‌ನಲ್ಲಿದ್ದ ಪೀಟರ್ ಬ್ರೂಕ್ ಅವರ ಕಣ್ಣಿಗೆ ಬಿತ್ತು. ಬ್ರೂಕ್ ಆಗ ಮಹಾಭಾರತಕ್ಕೆ ನಟರನ್ನು ಹುಡುಕುತ್ತಿದ್ದರು. ಹಲವು ದೇಶಗಳ ನಟರನ್ನು ಸೇರಿಸಿ ತಂಡ ಕಟ್ಟಿದ್ದವರು ಅವರು. ಅದಕ್ಕೂ ಹತ್ತು ವರ್ಷ ಹಿಂದೆ ಮಾಲಿ, ನೈಜರ್, ನೈಜೀರಿಯಾದ ಹಳ್ಳಿಗಳಲ್ಲಿ ಜಮಖಾನ ಹಾಸಿ, ಅದರ ಮೇಲೆ ನಾಟಕ ಆಡಿಸುತ್ತಾ ತಿರುಗಿದ್ದವರು. ಆಫ್ರಿಕಾದ ನಟರ ಶಕ್ತಿ ಅವರಿಗೆ ಗೊತ್ತಿತ್ತು. ಕುಯಾಟೆ ತುಂಬಾ ಎತ್ತರ, ತೀರಾ ತೆಳ್ಳಗೆ, ಉದ್ದನೆ ಕೈಗಳು. ಒಂದು ಸಲ ನೋಡಿದರೆ ಮರೆಯುವ ಆಕಾರ ಅಲ್ಲ.

1985ರ ಜುಲೈನಲ್ಲಿ ಫ್ರಾನ್ಸಿನ ಅವಿನ್ಯೋನ್ ನಾಟಕೋತ್ಸವದಲ್ಲಿ, ಊರಾಚೆಯ ಒಂದು ಕಲ್ಲು ಕ್ವಾರಿಯಲ್ಲಿ, ಒಂಬತ್ತು ಗಂಟೆಯ ಮಹಾಭಾರತ ಪ್ರದರ್ಶನವಾಯಿತು. ರಂಗರೂಪ ಬರೆದವರು ಜಾನ್-ಕ್ಲೋಡ್ ಕ್ಯಾರಿಯೆ. ದ್ರೋಣ ಜಪಾನಿನ ಯೋಶಿ ಒಯಿಡಾ, ದ್ರೌಪದಿ ನಮ್ಮ ಮಲ್ಲಿಕಾ ಸಾರಾಭಾಯಿ, ಭೀಮ ಸೆನೆಗಲ್‌ನ ಮಮದು ದಿಯೂಮ್, ಧೃತರಾಷ್ಟ್ರ ಪೋಲೆಂಡಿನ ರಿಷಾರ್ಡ್ ಚೆಶ್ಲಾಕ್. ಭೀಷ್ಮ ಮತ್ತು ಪರಶುರಾಮ ಎರಡೂ ಪಾತ್ರ ಸೊಟಿಗಿ ಕುಯಾಟೆ ಅವರದು. ಆಮೇಲೆ ಇಂಗ್ಲಿಷಿನಲ್ಲಿ ಹಲವು ದೇಶ ಸುತ್ತಿ, 1989ರಲ್ಲಿ ಸಿನಿಮಾ ಆಗಿಯೂ ಬಂತು.

ಈ ಮಹಾಭಾರತದ ಬಗ್ಗೆ ನಮ್ಮ ದೇಶದಲ್ಲಿ ಕಟುವಾದ ಟೀಕೆ ಬಂದಿದೆ. ಇಡೀ ಕಥೆಯನ್ನು ಅದರ ನೆಲದಿಂದ ಕಿತ್ತು ಪಶ್ಚಿಮದ ಪ್ರೇಕ್ಷಕರಿಗೆ ಬಡಿಸಿದರು ಅಂತ ರಂಗವಿಮರ್ಶಕ ರುಸ್ತುಮ್ ಭರೂಚಾ ಅಂಥವರು ಬರೆದರು. ಆ ಟೀಕೆಯಲ್ಲಿ ಸತ್ಯ ಇದೆ ಅಂತಲೇ ನನಗನ್ನಿಸುತ್ತದೆ. ಕುಮಾರವ್ಯಾಸನನ್ನು ಓದಿದವರಿಗೆ, ತಾಳಮದ್ದಳೆಯಲ್ಲಿ ಭೀಷ್ಮನ ಮಾತು ಕೇಳಿದವರಿಗೆ ಆ ಚಿತ್ರದ ಎಷ್ಟೋ ಕಡೆ ತೆಳು ಅನ್ನಿಸುತ್ತದೆ. ಕೃಷ್ಣನಂತೂ ನನ್ನ ಮನಸ್ಸಿಗೆ ಇಳಿಯಲೇ ಇಲ್ಲ. ಆದರೆ ಭೀಷ್ಮ ಇಳಿದ. ಅದಕ್ಕೆ ಕಾರಣ ಇದೆ ಅಂತ ನನ್ನ ನಂಬಿಕೆ. ಭೀಷ್ಮ ಅಂದರೆ ಯಾರು? ಸಿಂಹಾಸನ ಬೇಡ ಅಂದವನು, ಆದರೆ ಸಿಂಹಾಸನದ ಪಕ್ಕ ಬಿಟ್ಟು ಹೋಗದವನು. ಮಾತು ಕೊಟ್ಟು ಆ ಮಾತಿಗೇ ಕಟ್ಟುಬಿದ್ದವನು. ಇಡೀ ವಂಶದ ಕಥೆ ಅವನ ತಲೆಯಲ್ಲಿದೆ. ಸಾಯುವ ಮುಂಚೆ ಶರಶಯ್ಯೆಯಲ್ಲಿ ಮಲಗಿ ಧರ್ಮರಾಯನಿಗೆ ಪಾಠ ಹೇಳುತ್ತಾನೆ. ಏಳುನೂರು ವರ್ಷದಿಂದ ಒಂದು ರಾಜಮನೆತನಕ್ಕೆ ಮಾತು ಕೊಟ್ಟು, ಅದರ ನೆನಪನ್ನು ಹೊತ್ತು, ತಾನು ಆಳದೆ ಆಳುವವನ ಪಕ್ಕ ನಿಂತ ಮನೆತನದಿಂದ ಬಂದ ನಟನಿಗೆ ಈ ಮನುಷ್ಯ ಯಾರು ಅಂತ ಯಾರಾದರೂ ಹೇಳಿಕೊಡಬೇಕಿತ್ತಾ? ಅವರ ಇಂಗ್ಲಿಷಿನಲ್ಲಿ ಫ್ರೆಂಚ್ ಎಳೆತ ಇದೆ, ನಿಧಾನ ಇದೆ. ಆ ನಿಧಾನದಿಂದಲೇ ಆ ಪಾತ್ರಕ್ಕೆ ತೂಕ ಬಂದಿದೆ.

ವೃತ್ತಿಯ ಲೆಕ್ಕದಲ್ಲಿ ಬ್ರೂಕ್ ತಂಡದಿಂದ ಆದದ್ದು ಬೇರೆಯದೇ. ಕುಯಾಟೆಗೆ ಮೊದಲ ಬಾರಿ ನಟನೆಯಿಂದ ಸತತವಾಗಿ ಕೆಲಸ ಸಿಕ್ಕಿತು. 1990ರಲ್ಲಿ ಷೇಕ್ಸ್‌ಪಿಯರ್‌ನ 'ಟೆಂಪೆಸ್ಟ್'ನಲ್ಲಿ ಪ್ರಾಸ್ಪೆರೊ ಆದರು. 2004ರಲ್ಲಿ ಮಾಲಿಯ ಸೂಫಿ ಗುರು ಟಿಯೆರ್ನೊ ಬೊಕಾರ್ ಪಾತ್ರ. ಹತ್ತೊಂಬತ್ತು ಇಪ್ಪತ್ತು ವರ್ಷದ ಸಂಬಂಧ. ಪ್ಯಾರಿಸ್ ಕಡೆಗೇ ಬಿಡಾರ ಬದಲಾಯಿತು. ಫ್ರೆಂಚ್ ಮಾತಾಡುವ ಪಶ್ಚಿಮ ಆಫ್ರಿಕಾದ ಎಷ್ಟೋ ನಟರದು ಇದೇ ಪಾಡು. ಹೆಸರು ಮಾಡಬೇಕಾದರೆ, ಬದುಕಬೇಕಾದರೆ, ಯುರೋಪಿಗೆ ಹೋಗಬೇಕು. ಹೋದಲ್ಲಿ ಸಿಗುವ ಪಾತ್ರಗಳೋ, ಬಹುಪಾಲು ವಲಸೆ ಬಂದವನು, ಕಾಗದಪತ್ರ ಇಲ್ಲದವನು, ಕಾವಲುಗಾರ. ಬುರ್ಕಿನಾದ ರಸ್ಮಾನೆ ವೆದ್ರಾಗೊ ತಮ್ಮ ದೇಶದಲ್ಲಿ 'ತಿಲಾಯಿ'ಯಂಥ ಚಿತ್ರದಲ್ಲಿ ನಾಯಕ. ಅದು 1990ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ಗ್ರ್ಯಾಂಡ್ ಪ್ರಿ ಪ್ರಶಸ್ತಿ ಗೆದ್ದ ಸಿನಿಮಾ. ಅದೇ ನಟ ಬೆಲ್ಜಿಯಂನ ಡಾರ್ಡೆನ್ ಸಹೋದರರ 1996ರ ಚಿತ್ರದಲ್ಲಿ ಕಟ್ಟಡದಿಂದ ಬಿದ್ದು ಸಾಯುವ ಅಕ್ರಮ ವಲಸಿಗ ಕೂಲಿ. ಒಳ್ಳೆಯ ಚಿತ್ರವೇ, ಒಳ್ಳೆಯ ನಟನೆಯೇ. ಆದರೂ ನೋಡುವಾಗ ಹೊಟ್ಟೆಯಲ್ಲಿ ಸಂಕಟ ಆಗುತ್ತದೆ.

ಕುಯಾಟೆ ಊರಿನ ಸಿನಿಮಾ ಬಿಡಲಿಲ್ಲ. ಅವರ ಮಗ ಡಾನಿ ಕುಯಾಟೆ ನಿರ್ದೇಶಕ ಆದರು. 1995ರಲ್ಲಿ ಡಾನಿ ತೆಗೆದ 'ಕೇಟಾ' ಚಿತ್ರದಲ್ಲಿ ಅಪ್ಪನೇ ಮುಖ್ಯ ಪಾತ್ರ. ನೀವು ಒಂದೇ ಒಂದು ಪಶ್ಚಿಮ ಆಫ್ರಿಕಾದ ಸಿನಿಮಾ ನೋಡುತ್ತೀರಿ ಅಂದರೆ ನಾನು ಇದನ್ನೇ ಹೇಳುತ್ತೇನೆ. ಹಳ್ಳಿಯ ಮುದುಕ ಜೆಲಿಯೊಬ್ಬ ನಗರಕ್ಕೆ ಬರುತ್ತಾನೆ. ಅಲ್ಲಿ ಮಾಬೊ ಕೇಟಾ ಅನ್ನುವ ಶಾಲೆಯ ಹುಡುಗ ಇದ್ದಾನೆ. ಅವನ ಹೆಸರಿನ ಕಥೆ ಹೇಳಿಕೊಡುವುದಕ್ಕೇ ಮುದುಕ ಬಂದಿರುವುದು. ಅಂಗಳದಲ್ಲಿ ತೂಗುಹಾಸಿಗೆ ಕಟ್ಟಿಕೊಂಡು ಸುಂಜಾಟಾನ ಕಥೆ ಶುರು ಮಾಡುತ್ತಾನೆ. ಎಮ್ಮೆಯಾಗುವ ಹೆಂಗಸು, ಅವಳ ಮನೆತನದಿಂದ ಬಂದ ಕುರೂಪಿ ಸೊಗೊಲೊನ್, ಅವಳಿಗೆ ಹುಟ್ಟಿ ವರ್ಷಗಟ್ಟಲೆ ಎದ್ದು ನಡೆಯದ ಮಗ. ಹುಡುಗನಿಗೆ ಕಥೆಯ ಹುಚ್ಚು ಹಿಡಿಯುತ್ತದೆ, ಶಾಲೆ ಹಾಳಾಗುತ್ತದೆ. ಅಮ್ಮನಿಗೆ ಸಿಟ್ಟು, ಮೇಷ್ಟ್ರಿಗೆ ಸಿಟ್ಟು, ಅಪ್ಪನಿಗೆ ಎರಡೂ ಕಡೆ ಬಿಡಲಾರದ ಒದ್ದಾಟ. ಮೇಷ್ಟ್ರು ಬಂದು ಮುದುಕನ ಹತ್ತಿರ ವಾದ ಮಾಡುವ ದೃಶ್ಯ ಇದೆ. ಮುದುಕ ಸಿಟ್ಟಾಗುವುದಿಲ್ಲ, ನಿನ್ನ ಹೆಸರಿನ ಅರ್ಥ ಏನು ಅಂತ ಕೇಳುತ್ತಾನೆ ಅಷ್ಟೇ. ಕೊನೆಗೆ ಜಗಳ ಜಾಸ್ತಿಯಾಗಿ ಕಥೆ ಅರ್ಧಕ್ಕೇ ಬಿಟ್ಟು ಹೊರಟುಬಿಡುತ್ತಾನೆ.

ಇಲ್ಲಿ ನಟನೆ ಯಾವುದು, ಬದುಕು ಯಾವುದು? ಕುಯಾಟೆ ಮನೆತನದ ಜೆಲಿ, ಕುಯಾಟೆ ಮನೆತನದ ಜೆಲಿಯಾಗಿ, ಕೇಟಾ ಹುಡುಗನಿಗೆ ಕಥೆ ಹೇಳುತ್ತಿದ್ದಾನೆ, ಅದನ್ನು ಅವನ ಮಗ ಚಿತ್ರೀಕರಿಸುತ್ತಿದ್ದಾನೆ. ಶಾಲೆಗೂ ಕಥೆಗೂ ಜಗಳ ಹಚ್ಚಿ ಒಂದನ್ನು ಗೆಲ್ಲಿಸುವ ಸಿನಿಮಾ ಅಲ್ಲ ಇದು. ಡಾನಿ ಪ್ಯಾರಿಸ್‌ನಲ್ಲಿ ಸಿನಿಮಾ ಓದಿ ಬಂದವರು, ಅಪ್ಪ ಪ್ಯಾರಿಸ್‌ನಲ್ಲಿ ಪ್ರಾಸ್ಪೆರೊ ಆದವರು, ಎರಡರ ಬೆಲೆಯೂ ಇಬ್ಬರಿಗೂ ಗೊತ್ತಿತ್ತು.

ಈ ಚಿತ್ರ ಬಂದ ಹೊತ್ತು ಅಲ್ಲಿನ ಸಿನಿಮಾಕ್ಕೆ ಬಹಳ ಕೆಟ್ಟ ಕಾಲ. 1994ರ ಜನವರಿಯಲ್ಲಿ ಆ ದೇಶಗಳ ನಾಣ್ಯ ಸಿಎಫ್‌ಎ ಫ್ರಾಂಕಿನ ಬೆಲೆಯನ್ನು ಒಂದೇ ಏಟಿಗೆ ಅರ್ಧ ಮಾಡಿದರು. ಹೊರಗಿಂದ ತರಿಸುವ ಫಿಲಂ ರೀಲಿಗೆ, ಪ್ಯಾರಿಸ್ ಲ್ಯಾಬಿಗೆ ಎರಡು ಪಟ್ಟು ದುಡ್ಡು. ಥಿಯೇಟರುಗಳು ಒಂದೊಂದೇ ಮುಚ್ಚಿದವು, ಗೋದಾಮು, ಅಂಗಡಿ, ಪ್ರಾರ್ಥನೆಯ ಜಾಗ ಆದವು. ಆಫ್ರಿಕಾದ ದೇಶಗಳೇ ಸೇರಿ ಚಿತ್ರ ಹಂಚಿಕೆಗೆ ಅಂತ ಕಟ್ಟಿದ್ದ ಸಂಸ್ಥೆ ಅದಕ್ಕೂ ಹತ್ತು ವರ್ಷ ಮುಂಚೆಯೇ ಮುಳುಗಿತ್ತು.

ಅದೇ ಹೊತ್ತಿಗೆ ನೈಜೀರಿಯಾದಲ್ಲಿ ಉಲ್ಟಾ ನಡೆಯುತ್ತಿತ್ತು. ಅಲ್ಲಿ ಪ್ಯಾರಿಸ್ ದುಡ್ಡಿಲ್ಲ, ಸರ್ಕಾರದ ದುಡ್ಡಿಲ್ಲ, ರೀಲೂ ಇಲ್ಲ. ಸಂಜೆ ಆಚೆ ಹೋಗಲು ಭಯ, ಥಿಯೇಟರ್ ಖಾಲಿ. 1992ರಲ್ಲಿ ಕೆನೆತ್ ನೆಬುವೆ ಅನ್ನುವ ವ್ಯಾಪಾರಿ ಇಗ್ಬೊ ಭಾಷೆಯಲ್ಲಿ 'ಲಿವಿಂಗ್ ಇನ್ ಬಾಂಡೇಜ್' ಅನ್ನುವ ಚಿತ್ರವನ್ನು ವಿಡಿಯೊದಲ್ಲಿ ಮಾಡಿಸಿ, ಕ್ಯಾಸೆಟ್ ಮಾಡಿ ನೇರ ಮಾರುಕಟ್ಟೆಗೆ ಬಿಟ್ಟರು. ಭರ್ಜರಿ ವ್ಯಾಪಾರ. ಅಲ್ಲಿಂದ ನಾಲಿವುಡ್ ಅಂತ ಕರೆಯುವ ನೈಜೀರಿಯಾದ ಚಿತ್ರರಂಗ ಬೆಳೆಯಿತು. ವಾರಗಳಲ್ಲಿ, ಕೆಲವು ಸಲ ದಿನಗಳಲ್ಲೇ ಒಂದು ಸಿನಿಮಾ ಮುಗಿಸುವ ಕಾರ್ಖಾನೆ. ಇಲ್ಲಿ ನಟನಿಗೆ ಕೆಲಸದ ಬರ ಇಲ್ಲ. ಒಸಿಟಾ ಇಹೆಮೆ ಮತ್ತು ಚಿನೆಡು ಇಕೆಡಿಯೆಜೆ 2002ರಲ್ಲಿ 'ಆಕಿ ನಾ ಉಕ್ವಾ'ದಲ್ಲಿ ತುಂಟ ಅಣ್ಣತಮ್ಮಂದಿರಾದ ಮೇಲೆ ಅವರನ್ನಿಟ್ಟುಕೊಂಡು ಚಿತ್ರಗಳ ಸಾಲೇ ಬಂತು. ಬೆಳೆದ ಗಂಡಸರು ಎಷ್ಟೋ ವರ್ಷ ಮಕ್ಕಳ ಪಾತ್ರವನ್ನೇ ಮಾಡಬೇಕಾಯಿತು ಅನ್ನುವುದು ಬೇರೆ ಮಾತು.

ಇಲ್ಲಿ ನಟನ ಒಡೆಯ ಯಾರು? ಮಾರುಕಟ್ಟೆಯಲ್ಲಿ ಕ್ಯಾಸೆಟ್ ಮಾರುವ 'ಮಾರ್ಕೆಟರ್'. ಅವನೇ ದುಡ್ಡು ಹಾಕುವವನು. ಕವರಿನ ಮೇಲೆ ಯಾರ ಮುಖ ಇರಬೇಕು ಅಂತ ಹೇಳುವವನೂ ಅವನೇ. 2004ರಲ್ಲಿ ಈ ಮಾರ್ಕೆಟರ್‌ಗಳೆಲ್ಲ ಒಟ್ಟಾಗಿ, ಸಂಭಾವನೆ ಜಾಸ್ತಿ ಕೇಳುತ್ತಾರೆ ಅಂತ ದೊಡ್ಡ ದೊಡ್ಡ ತಾರೆಯರಿಗೇ ನಿಷೇಧ ಹಾಕಿದರು. ಜೆನೆವೀವ್ ನಾಜಿ, ಒಮೊಟೊಲಾ ಜಲಾಡೆ, ರಿಚರ್ಡ್ ಮೊಫೆ-ಡಮಿಜೊ ಎಲ್ಲ ಆ ಪಟ್ಟಿಯಲ್ಲಿದ್ದರು. ದೇಶದಲ್ಲೇ ಅತಿ ಹೆಚ್ಚು ಮುಖ ಪರಿಚಯ ಇದ್ದ ನಟಿ ಆ ವರ್ಷ ಹಾಡಿನ ಆಲ್ಬಂ ಮಾಡಿದರು! ಅದೇ ಜೆನೆವೀವ್ ನಾಜಿ 2018ರಲ್ಲಿ 'ಲಯನ್‌ಹಾರ್ಟ್' ಅನ್ನುವ ಚಿತ್ರವನ್ನು ತಾವೇ ನಿರ್ದೇಶಿಸಿ ನೆಟ್‌ಫ್ಲಿಕ್ಸಿಗೆ ಮಾರಿದರು ಅನ್ನುವುದನ್ನು ಇದರ ಪಕ್ಕ ಇಟ್ಟು ನೋಡಬೇಕು. ಒಂದು ಕಡೆ ಪ್ಯಾರಿಸ್ ಕಚೇರಿಯ ಫೈಲಿಗೆ ಕಾಯುವ ನಟ, ಇನ್ನೊಂದು ಕಡೆ ಲಾಗೋಸ್ ಅಂಗಡಿಯವನ ಮರ್ಜಿಗೆ ಕಾಯುವ ನಟ. ಮೊದಲಿನವನಿಗೆ ಹೆಸರಿದೆ ಕೆಲಸ ಇಲ್ಲ, ಎರಡನೆಯವನಿಗೆ ಕೆಲಸ ಇದೆ ಉಸಿರಾಡಲು ಪುರುಸೊತ್ತಿಲ್ಲ.

ಮತ್ತೆ ಕುಯಾಟೆಗೆ ಬರೋಣ. ಅವರ ಅತ್ಯುತ್ತಮ ಸಿನಿಮಾ ವರ್ಷಗಳು ಅರವತ್ತು ದಾಟಿದ ಮೇಲಿನವು. ಮಾಲಿಯ ಶೇಕ್ ಉಮರ್ ಸಿಸ್ಸೊಕೊ 1999ರಲ್ಲಿ ಬೈಬಲ್ಲಿನ ಕಥೆಯನ್ನು ಮಾಲಿಯ ಬೆಟ್ಟಗಳ ನಡುವೆ ಬಂಬಾರ ಭಾಷೆಯಲ್ಲಿ ತೆಗೆದಾಗ ಇವರು ಯಾಕೋಬನಾದರು. ಅಣ್ಣ ಏಸಾವನ ಪಾತ್ರಕ್ಕೆ ಹಾಡುಗಾರ ಸಲೀಫ್ ಕೇಟಾ. ತಮಾಷೆಗೆ ಹಾಕಿಕೊಂಡ ಜೋಡಿ ಅಲ್ಲ ಅದು. ಒಬ್ಬರು ಕುಯಾಟೆ, ಇನ್ನೊಬ್ಬರು ಕೇಟಾ, ಅಲ್ಲಿನ ಪ್ರೇಕ್ಷಕರಿಗೆ ಇದರ ಹಿಂದಿನ ಏಳುನೂರು ವರ್ಷ ಬಿಡಿಸಿ ಹೇಳಬೇಕಾಗಿಲ್ಲ.

2001ರಲ್ಲಿ ರಶೀದ್ ಬುಶಾರೆಬ್ ಅವರ 'ಲಿಟಲ್ ಸೆನೆಗಲ್'. ಗುಲಾಮರನ್ನು ಹಡಗು ಹತ್ತಿಸುತ್ತಿದ್ದ ಗೋರೆ ದ್ವೀಪದ ಮ್ಯೂಸಿಯಮ್ಮಿನಲ್ಲಿ ಗೈಡ್ ಆಗಿರುವ ಒಬ್ಬ ಮುದುಕ, ಎರಡು ಶತಮಾನದ ಹಿಂದೆ ಮಾರಾಟವಾದ ತನ್ನ ಮನೆತನದವರ ಜಾಡು ಹಿಡಿದು ಅಮೆರಿಕಕ್ಕೆ ಹೋಗುತ್ತಾನೆ. ಹಳೆಯ ಕಡತ ತೆಗೆಸಿ ಹೆಸರಿಂದ ಹೆಸರಿಗೆ ದಾಟುತ್ತಾ ನ್ಯೂಯಾರ್ಕಿನ ಹಾರ್ಲೆಮ್ ತಲುಪುತ್ತಾನೆ. ತುಂಡಾದ ವಂಶಾವಳಿ ಜೋಡಿಸುವ ಕೆಲಸ. ಇದಕ್ಕೆ ಜೆಲಿಗಿಂತ ಸರಿಯಾದವರು ಯಾರು? 2009ರಲ್ಲಿ ಅದೇ ನಿರ್ದೇಶಕರ 'ಲಂಡನ್ ರಿವರ್'. 2005ರ ಜುಲೈ 7ರ ಲಂಡನ್ ಬಾಂಬ್ ಸ್ಫೋಟದ ನಂತರ ಕಾಣೆಯಾದ ಮಕ್ಕಳನ್ನು ಹುಡುಕುತ್ತಾ ಇಬ್ಬರು ಎದುರಾಗುತ್ತಾರೆ. ಗರ್ನ್ಸಿ ದ್ವೀಪದ ಒಬ್ಬ ಕ್ರೈಸ್ತ ತಾಯಿ, ಬ್ರೆಂಡಾ ಬ್ಲೆಥಿನ್. ಫ್ರಾನ್ಸಿನಲ್ಲಿ ಮರಗಳ ಆರೈಕೆ ಮಾಡಿಕೊಂಡಿರುವ ಆಫ್ರಿಕಾದ ಒಬ್ಬ ಮುಸ್ಲಿಂ ತಂದೆ, ಕುಯಾಟೆ. ಅವಳಿಗೆ ಮೊದಲು ಅವನನ್ನು ಕಂಡರೆ ಭಯ, ಅನುಮಾನ. ಅವನು ಜಾಸ್ತಿ ಮಾತಾಡುವುದಿಲ್ಲ. ಮಾತೇ ಕಸುಬಾಗಿದ್ದ ಮನೆತನದ ನಟ ಇಲ್ಲಿ ಬಹುಪಾಲು ಸುಮ್ಮನಿದ್ದೇ ಪಾತ್ರ ಕಟ್ಟಿದ್ದಾರೆ. ನಡೆಯುವ ರೀತಿ, ಬಾಗಿಲಲ್ಲಿ ನಿಲ್ಲುವ ರೀತಿ, ಕೈ ಚಾಚಲೋ ಬೇಡವೋ ಅನ್ನುವ ಹಿಂಜರಿಕೆ ಇಷ್ಟರಲ್ಲೇ ಆ ತಂದೆ ಪೂರ್ತಿ ಅರ್ಥವಾಗುತ್ತಾನೆ. ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟನಿಗೆ ಕೊಡುವ ಬೆಳ್ಳಿ ಕರಡಿ ಅವರಿಗೆ ಬಂತು. ಆಗ ವಯಸ್ಸು 72. ಮರುವರ್ಷ, 2010ರ ಏಪ್ರಿಲ್‌ನಲ್ಲಿ, ಪ್ಯಾರಿಸ್‌ನಲ್ಲಿ ತೀರಿಕೊಂಡರು.

ಈ ನಡುವೆ 1997ರಲ್ಲಿ ಗೆಳೆಯರ ಜೊತೆ ಸೇರಿ ಬಮಾಕೊದಲ್ಲಿ ಮಾಂಡೆಕಾ ಥಿಯೇಟರ್ ಅನ್ನುವ ತಂಡ ಕಟ್ಟಿದ್ದರು. ಮಾಲಿಯ ನಟರನ್ನೇ ಹಾಕಿಕೊಂಡು ಗ್ರೀಕರ 'ಆಂಟಿಗೊನೆ' ಆಡಿಸಿದರು. ಪ್ಯಾರಿಸ್‌ನಲ್ಲಿ ಕಲಿತದ್ದನ್ನು, ಸಂಪಾದಿಸಿದ ಹೆಸರನ್ನು ಊರಿನ ನಟರಿಗೆ ದಾಟಿಸುವ ಪ್ರಯತ್ನ ಅದು. ನನ್ನ ಪ್ರಕಾರ ಬೆಳ್ಳಿ ಕರಡಿಯಷ್ಟೇ ಮುಖ್ಯವಾದ ಕೆಲಸ. ಊರಲ್ಲೇ ರಂಗಭೂಮಿ ಗಟ್ಟಿಯಾಗಿದ್ದರೆ ಮಾತ್ರ ಸಿನಿಮಾ ಇಲ್ಲದ ವರ್ಷಗಳಲ್ಲೂ ನಟ ನಟನಾಗಿಯೇ ಉಳಿಯುತ್ತಾನೆ.

ಈಗ ಪರಿಸ್ಥಿತಿ ಸ್ವಲ್ಪ ಬದಲಾಗಿದೆ. ಡಿಜಿಟಲ್ ಕ್ಯಾಮೆರಾ ಬಂದ ಮೇಲೆ ರೀಲಿನ ಖರ್ಚು ಹೋಯಿತು. ಐವರಿ ಕೋಸ್ಟ್, ಸೆನೆಗಲ್, ಬುರ್ಕಿನಾದ ನಟರಿಗೆ ಈಗ ಅನ್ನ ಕೊಡುತ್ತಿರುವುದರಲ್ಲಿ ದೊಡ್ಡ ಪಾಲು ಟಿವಿ ಧಾರಾವಾಹಿ ಮತ್ತು ಯೂಟ್ಯೂಬ್. 2019ರಲ್ಲಿ ಶುರುವಾದ ಸೆನೆಗಲ್‌ನ ಒಂದು ಧಾರಾವಾಹಿ, ಮದುವೆಯಾದವನ ಪ್ರೇಯಸಿಯ ಕಥೆ, ಯೂಟ್ಯೂಬ್‌ನಲ್ಲಿ ಲಕ್ಷಗಟ್ಟಲೆ ಜನ ನೋಡಿದರು, ಜೊತೆಗೆ ಧಾರ್ಮಿಕ ಸಂಘಟನೆಗಳ ವಿರೋಧವೂ ಬಂತು. ಪ್ಯಾರಿಸ್ ಒಪ್ಪಿಗೆ ಬೇಕಿಲ್ಲದ, ವೊಲೊಫ್ ಭಾಷೆಯಲ್ಲೇ ಮಾತಾಡುವ ನಟನಟಿಯರು ಅವರು.

2025ರ ಫೆಸ್ಪಾಕೊದಲ್ಲಿ ದೊಡ್ಡ ಪ್ರಶಸ್ತಿ, ಯೆನ್ನೆಂಗಾದ ಚಿನ್ನದ ಕುದುರೆ, ಡಾನಿ ಕುಯಾಟೆ ಅವರ 'ಕಟಂಗ' ಚಿತ್ರಕ್ಕೆ ಬಂತು. ಷೇಕ್ಸ್‌ಪಿಯರ್‌ನ ಮ್ಯಾಕ್‌ಬೆತ್ ಕಥೆ, ಕಪ್ಪುಬಿಳುಪಿನಲ್ಲಿ, ಬುರ್ಕಿನಾದ ಮೋರೆ ಭಾಷೆಯಲ್ಲಿ. 1997ರ ನಂತರ ಬುರ್ಕಿನಾದ ಚಿತ್ರಕ್ಕೆ ಈ ಪ್ರಶಸ್ತಿ ಸಿಕ್ಕಿದ್ದು ಇದೇ ಮೊದಲು. ಅಪ್ಪ ಪ್ರಾಸ್ಪೆರೊ ಆಗುವುದಕ್ಕೆ ಪ್ಯಾರಿಸ್‌ಗೆ ಹೋಗಬೇಕಾಗಿತ್ತು. ಮಗನ ಮ್ಯಾಕ್‌ಬೆತ್ ಮೋರೆಯಲ್ಲೇ ಮಾತಾಡುತ್ತಾನೆ.

ನೋಡಬೇಕು ಅನ್ನಿಸಿದರೆ 'ಲಂಡನ್ ರಿವರ್'ನಿಂದ ಶುರು ಮಾಡಿ, ಕಥೆ ಸುಲಭವಾಗಿ ಹಿಡಿಸುತ್ತದೆ. ಆಮೇಲೆ 'ಕೇಟಾ'. ಮನೆಯಲ್ಲಿ ಶಾಲೆಗೆ ಹೋಗುವ ಮಕ್ಕಳಿದ್ದರೆ ಅವರನ್ನೂ ಕೂರಿಸಿಕೊಳ್ಳಿ. ಬ್ರೂಕ್ ಅವರ ಮಹಾಭಾರತವನ್ನು ಕೊನೆಗಿಟ್ಟುಕೊಳ್ಳಿ, ಆಗ ಭೀಷ್ಮ ಬಾಯಿ ತೆರೆದಾಗ ಆ ದನಿ ಎಲ್ಲಿಂದ ಬರುತ್ತಿದೆ ಅನ್ನುವುದು ನಿಮಗೆ ಗೊತ್ತಿರುತ್ತದೆ.